ಹದಿನೈದನೆಯವನಾಗಿ ನಿಂತ ಜಾರ್ಲತ್

ಜಾರ್ಲತ್ ಹೋಬನ್ ನಮ್ಮ ಕ್ಲೂನ್‌ಬ್ರಾಕ್ ತಂಡಕ್ಕೆ ಇಪ್ಪತ್ತೇಳು ವರ್ಷ, ಕೋಲಿನಿಂದ ಚೆಂಡು ಹೊಡೆಯುವ ಹರ್ಲಿಂಗ್ ಆಡಿದ. ಅಷ್ಟೂ ವರ್ಷ ನಮ್ಮ ಗೋಲಿನ ಮುಂದೆ ಕೋಲು ಹಿಡಿದು ನಿಂತವನು ಅವನೇ. ಮೂಗು ಎರಡು ಸಲ ಮುರಿಯಿತು. ಪದಕ ಒಂದೂ ಬರಲಿಲ್ಲ. ಹಾಲಿನ ಲಾರಿ ಓಡಿಸುತ್ತಿದ್ದ. ಅಭ್ಯಾಸಕ್ಕೆ ತಡವಾದರೆ ಲಾರಿಯನ್ನೇ ಮೈದಾನದ ಗೇಟಿಗೆ ತಂದು ನಿಲ್ಲಿಸುತ್ತಿದ್ದ. ನಲವತ್ತಾರನೆಯ ವಯಸ್ಸಿನಲ್ಲಿ ಮಂಡಿಯ ಆಪರೇಷನ್ ಆದ ಮೇಲೆ, ಇನ್ನು ಮೈದಾನದಲ್ಲಿ ಓಡುವುದಿಲ್ಲ ಎಂದು ಹೆಂಡತಿ ಅಟ್ರಾಕ್ಟಾಗೆ ಮಾತು ಕೊಟ್ಟ. ಮರುವರ್ಷ ಬಿಳಿ ಕೋಟು ತೊಟ್ಟು ಗೋಲುಕಂಬದ ಪಕ್ಕ ನಿಂತು ಚೆಂಡು ಒಳಹೋಯಿತೇ ಇಲ್ಲವೇ ಎಂದು ಹೇಳುವ ಅಂಪೈರ್ ಆದ. ಕ್ಲಬ್ಬಿನ ಕಾರ್ಯದರ್ಶಿ ನಾನು. ಆಟಗಾರರ ಪಟ್ಟಿಯಿಂದ ಅವನ ಹೆಸರು ತೆಗೆಯಲು ನನಗೆ ಮನಸ್ಸು ಬರಲಿಲ್ಲ.

ಪಂದ್ಯವಿದ್ದ ಆ ಜೂನ್ ಶನಿವಾರ, ಎರಡು ವಾರ ಸುರಿದ ಮಳೆ ಬೆಳಿಗ್ಗೆ ಹೊಳವು ಕೊಟ್ಟಿತು. ನಮ್ಮ ಹುಡುಗರಲ್ಲಿ ಅರ್ಧ ಜನ ಚಳಿಗಾಲಕ್ಕೆ ದನಗಳಿಗೆ ಕೂಡಿಡುವ ರಸಮೇವಿನ ಹುಲ್ಲು ಕೊಯ್ಯಲು ಟ್ರ್ಯಾಕ್ಟರ್ ಹತ್ತಿಬಿಟ್ಟರು. ಯಾರನ್ನು ಬೈಯುವುದು? ಹುಲ್ಲು ಕಾಯುವುದಿಲ್ಲ. ಹದಿಮೂರು ಜನರಿದ್ದರೆ ಪಂದ್ಯ ಶುರುಮಾಡಬಹುದು, ಆದರೆ ಎರಡನೆಯ ಅರ್ಧಕ್ಕೆ ಹದಿನೈದು ಆಗಲೇಬೇಕು. ಇಲ್ಲದಿದ್ದರೆ ಪಂದ್ಯ ಎದುರಾಳಿಗೆ. ಆ ವರ್ಷ ಆಗಲೇ ಎರಡು ಪಂದ್ಯ ಹಾಗೆ ಕಳೆದುಕೊಂಡಿದ್ದೆವು. ಮೂರನೆಯದೂ ಹೀಗೆ ಜನ ಸಾಲದೆ ಹೋದರೆ ತಂಡವನ್ನು ಮುಚ್ಚಿ ಪಕ್ಕದ ಗರಾನ್ ಊರಿನವರ ಜೊತೆ ಸೇರಬೇಕೆಂದು ಜಿಲ್ಲೆಯ ಪಂದ್ಯ ನಡೆಸುವ ಸಮಿತಿ ಪತ್ರ ಬರೆದಿತ್ತು. ಅವತ್ತು ಎದುರಿಗಿದ್ದವರೂ ಗರಾನಿನವರೇ.

ಹದಿಮೂರು ಜನ ಇಳಿದರು. ಸ್ವಲ್ಪ ಹೊತ್ತಿಗೆ ದನದ ಡಾಕ್ಟರು ಲೊರ್ಕನ್, ಕರು ಹಾಕಿಸಿ ಕೈ ತೊಳೆದುಕೊಂಡು ನೇರ ಬಂದ. ಹದಿನಾಲ್ಕು. ವಿರಾಮವೂ ಮುಗಿಯುತ್ತ ಬಂತು.

"ಇನ್ನೊಬ್ಬ ಎಲ್ಲಿ ಸ್ವಾಮಿ?" ರೆಫರಿ ಗಡಿಯಾರ ನೋಡಿದರು. "ಐದು ನಿಮಿಷ, ಅಷ್ಟೇ."

ನಾನು ಜಾರ್ಲತ್‌ನ ಕಡೆ ನೋಡಿದೆ. ಅವನು ಅಟ್ರಾಕ್ಟಾಳ ಕಡೆ ನೋಡಿದ. ಅವಳು ಬೇಲಿಗೆ ಒರಗಿ ಚಹಾ ಕುಡಿಯುತ್ತಿದ್ದಳು.

"ನನ್ನ ಮುಖ ಏನ್ ನೋಡ್ತೀಯ? ಹೋಗು," ಅಂದಳು. "ಬರೀ ನಿಂತ್ಕೋಬೇಕು. ಒಂದು ಹೆಜ್ಜೆ ಓಡಿದ್ರೂ ಇನ್ನೊಂದು ಮಂಡೀನ ನಾನೇ ಮುರೀತೀನಿ."

"ಅಂಪೈರ್ ಕೆಲಸ ಯಾರು ಮಾಡ್ತಾರೆ?"

"ಆ ಕೋಟು ಇಲ್ಲಿ ಕೊಡು."

ಹೀಗೆ ಜಾರ್ಲತ್ ಹದಿನೈದನೆಯವನಾದ. ಹಿಂದೆ ಗೋಲು ಕಾಯುತ್ತಿದ್ದವನನ್ನು ಮುಂದೆ, ಗರಾನಿನವರ ಗೋಲಿನ ಮೂಲೆಗೆ ನಿಲ್ಲಿಸಿದೆವು. ಎರಡು ಗಜ ದೂರದಲ್ಲಿ, ಕಂಬದ ಪಕ್ಕ, ಮೊಣಕಾಲಿನವರೆಗೆ ಇಳಿದ ಬಿಳಿ ಕೋಟಿನಲ್ಲಿ ಅಟ್ರಾಕ್ಟಾ.

"ಅಜ್ಜಾ, ಕುರ್ಚಿ ತರಿಸ್ಲಾ?" ಅವನನ್ನು ತಡೆಯಲು ನಿಂತಿದ್ದ ಗರಾನಿನ ಹುಡುಗ ಕೆಣಕಿದ.

"ತರಿಸು ಮಗಾ. ಜೊತೆಗೆ ನಿಮ್ಮಪ್ಪನ್ನೂ ಕರಿ. ಅವನ ಹಲ್ಲು ಇನ್ನೂ ನಮ್ಮ ಮೈದಾನದಲ್ಲೇ ಇದೆ."

ಹತ್ತು ನಿಮಿಷದ ಮೇಲೆ ಚೆಂಡೊಂದು ಪುಟಿದು ಅವನ ಎಡಕ್ಕೆ ಬಿತ್ತು. ನಾಲ್ಕು ಹೆಜ್ಜೆ ಓಡಿದರೆ ಸಿಗುತ್ತಿತ್ತು. ಕೋಲು ತಾನೇ ಮೇಲೆದ್ದಿತು. ಹಿಂದಿನಿಂದ ಗಂಟಲು ಸರಿಮಾಡಿಕೊಂಡ ಸದ್ದು ಬಂತು. ಕೋಲು ಕೆಳಗಿಳಿಯಿತು. ಗರಾನಿನ ಹುಡುಗ ಚೆಂಡು ಎತ್ತಿಕೊಂಡು ಹೋದ. ಇಪ್ಪತ್ತೇಳು ವರ್ಷದಲ್ಲಿ ಜಾರ್ಲತ್ ಕಣ್ಣಾರೆ ಕಂಡು ಬಿಟ್ಟುಕೊಟ್ಟ ಮೊದಲ ಚೆಂಡು ಅದು.

ಆಟ ಮುಗಿಯಲು ಹದಿನೈದು ನಿಮಿಷವಿರುವಾಗ ಗೇಟಿನ ಬಳಿ ಟ್ರ್ಯಾಕ್ಟರ್ ನಿಂತ ಸದ್ದು. ತಲೆಯ ತುಂಬ ಹುಲ್ಲಿನ ಕಸದೊಂದಿಗೆ ಮೂವರು ಹುಡುಗರು ಓಡಿಬಂದರು. ಜಾರ್ಲತ್ ಕೋಲನ್ನು ಒಬ್ಬನ ಕೈಗೆ ಕೊಟ್ಟು ನಡೆದೇ ಹೊರಬಂದ. ಕೋಟು ವಾಪಸ್ ಕೇಳಿದ.

"ಇರ್ಲಿ ಬಿಡು, ನಂಗೆ ಬೆಚ್ಚಗಿದೆ," ಅಂದಳು ಅಟ್ರಾಕ್ಟಾ.

ಎಂಟು ಪಾಯಿಂಟುಗಳಿಂದ ಸೋತೆವು. ಸೀಟಿ ಊದಿದಾಗ ನಮ್ಮವರು ಒಬ್ಬರನ್ನೊಬ್ಬರು ತಬ್ಬಿಕೊಂಡರು. ಲೊರ್ಕನ್ ಹುಲ್ಲಿನ ಮೇಲೆ ಅಂಗಾತ ಬಿದ್ದು ನಗುತ್ತಿದ್ದ. ಗರಾನಿನ ನಾಯಕ ಗಲಿಬಿಲಿಯಾಗಿ ನನ್ನ ಹತ್ತಿರ ಬಂದ.

"ಗೆದ್ದೋರು ನಾವಲ್ವೇನಯ್ಯಾ?"

"ನೀವೇ ಕಣಯ್ಯಾ," ಅಂದೆ. "ಮುಂದಿನ ವರ್ಷನೂ ಬನ್ನಿ."

ಜಾರ್ಲತ್ ಬೇಲಿಗೆ ಒರಗಿ ಅಟ್ರಾಕ್ಟಾ ಬಿಟ್ಟಿದ್ದ ಆರಿದ ಚಹಾ ಕುಡಿಯುತ್ತಿದ್ದ. ಮಂಡಿ ಹೇಗಿದೆ ಎಂದು ಕೇಳಿದೆ.

"ಏನೂ ಆಗಿಲ್ಲ. ಆದ್ರೆ ಆ ಚೆಂಡು ಇತ್ತಲ್ಲ ಮಾರಾಯ," ಅಂದ, "ಅದು ನಂದೇ ಆಗಿತ್ತು."