ಮೈಕ್ ಹಿಡಿದು ಅತ್ತೆಯನ್ನು ಹೊಗಳಿದ್ದು

ನಮ್ಮತ್ತೆಯನ್ನು ಹೊಗಳಿದ ತಪ್ಪಿಗೆ ನಾನು ಮೂರು ವಾರ ಬೈಸಿಕೊಂಡೆ. ಕದ್ದು ಸಿಕ್ಕಿಬಿದ್ದವರಿಗೂ ಇಷ್ಟು ಮಂಗಳಾರತಿ ಆಗಿರಲಿಕ್ಕಿಲ್ಲ.

ನಾನು ಹುಟ್ಟಿ ಬೆಳೆದದ್ದು ಶಿರಾದಲ್ಲಿ. ಅಪ್ಪನಿಗೆ ಅಲ್ಲಿ ಬಟ್ಟೆ ಅಂಗಡಿ. ಗಿರಾಕಿಗಳ ಜೊತೆ ಮಾತಾಡಿ ಮಾತಾಡಿ ಅವರ ನಾಲಿಗೆಗೆ ಹೊಗಳಿಕೆ ಅಭ್ಯಾಸವಾಗಿಬಿಟ್ಟಿತ್ತು. ಒಂದು ಲೋಟ ನೀರು ತಂದುಕೊಟ್ಟರೂ ‘ಶಭಾಷ್ ಮಗಳೇ’ ಎನ್ನುತ್ತಿದ್ದರು. ಅಂಥ ಮನೆಯಿಂದ ಮಧುಗಿರಿಗೆ ಸೊಸೆಯಾಗಿ ಬಂದೆ. ಇಲ್ಲಿ ಅತ್ತೆ ಪಾವಗಡದ ಕಡೆಯವರು, ಕೋಪ ಬಂದರೆ ಬಾಯಲ್ಲಿ ತೆಲುಗು ಬರುತ್ತದೆ. ಯಾರನ್ನೂ ಎದುರಿಗೆ ಹೊಗಳಬಾರದು, ಹೊಗಳಿದರೆ ಕಣ್ಣು ಬೀಳುತ್ತದೆ ಎನ್ನುವುದು ಅವರ ಕಾನೂನು. ಮಗು ದುಂಡಗಿದೆ ಎಂದು ಯಾರಾದರೂ ಅಂದರೆ ಸಾಕು, ಅಂದವರು ಹೊಸಿಲು ದಾಟುವ ಮೊದಲೇ ಉಪ್ಪು ಮೆಣಸಿನಕಾಯಿ ಹಿಡಿದು ದೃಷ್ಟಿ ತೆಗೆಯುತ್ತಿದ್ದರು. ಇಷ್ಟು ವರ್ಷದಲ್ಲಿ ನನ್ನ ಅಡುಗೆಯ ಬಗ್ಗೆ ಅವರು ಆಡಿದ ಅತಿ ಒಳ್ಳೆಯ ಮಾತೆಂದರೆ ‘ಇವತ್ತು ಉಪ್ಪು ಹಾಕಿದೀಯ’ ಎಂಬುದು.

ಆದರೆ ನಾನು ಟೀಚರ್ ಆದದ್ದು ಅವರಿಂದ. ಮಗು ಹುಟ್ಟಿದ ಮೇಲೆ ಬಿ.ಎಡ್. ಸೇರಿದೆ. ಕಾಲೇಜು ಶಿರಾದಲ್ಲಿ, ದಿನಾ ಬೆಳಗಿನ ಮೊದಲ ಬಸ್ಸಿಗೆ ಹೋಗಬೇಕು. ಅತ್ತೆ ನನಗಿಂತ ಮೊದಲೇ ಎದ್ದು ರೊಟ್ಟಿ ತಟ್ಟಿ, ಡಬ್ಬಿ ಕಟ್ಟಿ, ಮಗುವನ್ನು ಸೊಂಟದ ಮೇಲೆ ಕೂರಿಸಿಕೊಂಡು ಬಸ್ ಸ್ಟಾಪಿನವರೆಗೆ ಬರುತ್ತಿದ್ದರು. ಸೊಸೆಯನ್ನು ಯಾಕೆ ಓದಿಸುತ್ತೀಯ ಎಂದು ಬೀದಿಯವರು ಕೇಳಿದರೆ ‘ಮನೇಲಿದ್ರೆ ಇವ್ಳ ಕೈ ಅಡುಗೆ ತಿನ್ಬೇಕಲ್ಲ, ಅದಕ್ಕೇ ಅಟ್ತಿದೀನಿ’ ಎನ್ನುತ್ತಿದ್ದರು. ಅದೂ ನನ್ನ ಎದುರಿಗೇ!

ಕೆಲಸ ಸಿಕ್ಕ ದಿನ ‘ಅತ್ತೆ, ನೀವಿಲ್ದೇ ಇದ್ದಿದ್ರೆ...’ ಎಂದು ಶುರು ಮಾಡಿದೆ. ‘ಚಾಲು, ಚಾಲು’ ಎಂದು ಎದ್ದು ಹಿತ್ತಲಿಗೆ ಹೋದರು. ಚಾಲು ಅಂದರೆ ತೆಲುಗಿನಲ್ಲಿ ಸಾಕು. ಆಮೇಲೂ ಎಷ್ಟೋ ಸಲ ಬಾಯಿ ತೆರೆದಿದ್ದೇನೆ, ಪ್ರತಿ ಸಲವೂ ಅದೇ ಚಾಲು, ಅದೇ ಹಿತ್ತಲು. ನನಗೆ ಮೈಯೆಲ್ಲ ಉರಿಯುತ್ತಿತ್ತು. ಅವರಿಗೆ ಎಪ್ಪತ್ತು ದಾಟಿದೆ. ಕೇಳಿಸಿಕೊಳ್ಳದೆ ಹೊರಟುಹೋದರೆ ಈ ಮಾತನ್ನು ಆಮೇಲೆ ಯಾರಿಗೆ ಹೇಳಲಿ, ಗೋಡೆಗೆ ನೇತುಹಾಕಿದ ಫೋಟೋಗೇ?

ಈ ವರ್ಷ ನಮ್ಮ ಸ್ಕೂಲಿನ ವಾರ್ಷಿಕೋತ್ಸವದಲ್ಲಿ ನನಗೆ ಶಾಲು ಹೊದಿಸುವುದೆಂದು ತೀರ್ಮಾನವಾಯಿತು. ನಾನು ಅತ್ತೆಯನ್ನು ಕರೆದುಕೊಂಡು ಹೋಗಿ ಬೇಕೆಂದೇ ಮುಂದಿನ ಸಾಲಿನ ನಟ್ಟನಡುವೆ ಕೂರಿಸಿದೆ. ಅಲ್ಲಿಂದ ಎದ್ದು ಹೋಗುವುದಕ್ಕೆ ಹಿತ್ತಲಿಲ್ಲ. ಮೈಕ್ ಕೈಗೆ ಬಂದ ಕೂಡಲೇ ಎಲ್ಲ ಹೇಳಿದೆ. ರೊಟ್ಟಿ ಹೇಳಿದೆ, ಡಬ್ಬಿ ಹೇಳಿದೆ, ಮಗುವನ್ನು ಹೊತ್ತು ಬರುತ್ತಿದ್ದದ್ದು ಹೇಳಿದೆ. ‘ಆ ಎರಡು ಕೈ ಇಲ್ಲದಿದ್ದರೆ ನಾನು ಇಲ್ಲಿ ನಿಂತಿರುತ್ತಿರಲಿಲ್ಲ’ ಎಂದಾಗ ಜನ ಚಪ್ಪಾಳೆ ಹೊಡೆದರು. ಅತ್ತೆ ಸೆರಗನ್ನು ಮುಖಕ್ಕೆ ಎಳೆದುಕೊಂಡು ಕೂತಿದ್ದರು.

ಅತ್ತೆ ಮನೆಗೆ ಬಂದವರೇ ಪಕ್ಕದ ಮನೆಯಾಕೆಯನ್ನು ಕರೆದು ದೃಷ್ಟಿ ತೆಗೆಸಿಕೊಂಡರು. ಕೆಂಡಕ್ಕೆ ಹಾಕಿದ ಮೆಣಸಿನಕಾಯಿ ಘಾಟು ಬರಲಿಲ್ಲವಂತೆ. ‘ನೋಡು, ಒಂದು ಕೆಮ್ಮೂ ಇಲ್ಲ. ಊರ್ ಕಣ್ಣೆಲ್ಲ ನನ್ ಮೇಲೆ ಹಾಕ್ಸಿದೀಯ’ ಎಂದರು. ಇದು ನನಗೆ ಸಿಕ್ಕ ಪ್ರತಿಫಲ.

ನಾಲ್ಕನೇ ದಿನ ಹಿತ್ತಲಲ್ಲಿ ಬಟ್ಟೆ ಒಗೆಯುವ ಕಲ್ಲಿನ ಹತ್ತಿರ ಜಾರಿ ಬಿದ್ದರು. ಬಲಗೈ ಮಣಿಕಟ್ಟಿನ ಮೂಳೆ ಬಿರುಕು. ಹಾಳಾದ್ದು, ಕಾಲಾದರೂ ಆಗಬಾರದಿತ್ತೇ? ಕೈಯೇ ಆಗಬೇಕಿತ್ತೇ? ಬ್ಯಾಂಡೇಜ್ ಹಾಕಿಸಿಕೊಂಡು ಬಂದ ಅತ್ತೆ, ಕೇಳಲು ಬಂದವರಿಗೆಲ್ಲ ಕೈ ಎತ್ತಿ ತೋರಿಸುತ್ತಿದ್ದರು. ನನಗೆ ಹೇಳಿದ್ದು ಇಷ್ಟು: ‘ಎರಡು ಕೈ ಅಂದ್ಯಲ್ಲ, ಒಂದು ಹೋಯ್ತು. ಇನ್ನೊಂದ್ಸಲ ಮೈಕ್ ಹಿಡ್ಕೋ, ಇನ್ನೊಂದೂ ಹೋಗ್ಲಿ.’

ಕಲ್ಲಿನ ಸುತ್ತ ಪಾಚಿ ಕಟ್ಟಿದೆ, ಅತ್ತ ಹೋಗಬೇಡಿ ಎಂದು ನಾನು ತಿಂಗಳಿಂದ ಬಡಕೊಂಡಿದ್ದೆ. ಅದನ್ನು ಒಬ್ಬರೂ ಕಿವಿಗೆ ಹಾಕಿಕೊಳ್ಳಲಿಲ್ಲ. ‘ನಿಂಗ್ಯಾಕೆ ಬೇಕಿತ್ತು ಭಾಷಣ?’ ಎಂದರು ನನ್ನ ಗಂಡ, ಪೇಪರಿನಿಂದ ತಲೆ ಎತ್ತದೆ. ಅತ್ತೆಯ ಮಗಳು, ಅಂದರೆ ನನ್ನ ನಾದಿನಿ, ತೋವಿನಕೆರೆಯಿಂದ ಬಂದು ‘ಕೈ ವಾಸಿ ಆಗೋವರ್ಗೂ ಅಮ್ಮ ನಮ್ಮನೇಲಿರ್ಲಿ ಅತ್ತಿಗೆ, ನಿಮ್ ಬಾಯಿ ಒಳ್ಳೇದಲ್ಲ’ ಎಂದು ಕರೆದುಕೊಂಡು ಹೋದಳು. ಅತ್ತೆ ತಿರುಗಿಯೂ ನೋಡಲಿಲ್ಲ.

ಎರಡು ವಾರ ಕಳೆಯಿತು. ಫೋನ್ ಮಾಡಿದರೆ ನಿದ್ದೆ ಮಾಡುತ್ತಿದ್ದಾರೆ ಎಂಬ ಉತ್ತರ. ಯಾವಾಗ ಬರುತ್ತೀರಿ ಎಂದು ಕೇಳಿ ಕಳಿಸಿದರೆ ‘ಹೊಗಳೋರ ಮನೇಗೆ ಬರಲ್ಲ’ ಎಂದರಂತೆ. ನನಗೆ ಸಿಟ್ಟೂ ಬಂತು, ಹೆದರಿಕೆಯೂ ಆಯಿತು. ಒಂದು ಒಳ್ಳೆಯ ಮಾತಾಡಿ ಅತ್ತೆಯನ್ನೇ ಕಳೆದುಕೊಂಡೆನೇ? ಭಾನುವಾರ ಕೊರಟಗೆರೆಯಲ್ಲಿ ಬಸ್ ಬದಲಿಸಿ ತೋವಿನಕೆರೆಗೆ ಹೋದೆ. ಕಾಲು ಹಿಡಿದಾದರೂ ಕರೆತರಬೇಕೆಂದು ದಾರಿಯಲ್ಲಿ ಮೆತ್ತನೆಯ ಮಾತುಗಳನ್ನೆಲ್ಲ ಜೋಡಿಸಿಕೊಂಡಿದ್ದೆ.

ಜಗಲಿಯ ಮೇಲೆ ಕೂತಿದ್ದ ಅತ್ತೆ ನನ್ನನ್ನು ಕಂಡು ಮುಖ ಆಚೆ ತಿರುಗಿಸಿದರು. ‘ಅತ್ತೆ, ನೀವಿಲ್ದೆ ಮನೆ...’ ಎಂದೆ. ‘ಚಾಲು’ ಎಂದರು. ಅಷ್ಟರಲ್ಲಿ ಎದುರು ಮನೆಯ ಹೆಂಗಸು ಬಂದು ‘ಅತ್ತೇನ ಕರ್ಕೊಂಡೋಗಕ್ಕೆ ಬಂದ್ರಾ?’ ಎಂದು ಕೇಳಿತು. ನನ್ನ ತಾಳ್ಮೆ ಅಲ್ಲಿಗೆ ಮುಗಿಯಿತು.

‘ಕರ್ಕೊಂಡ್ ಹೋಗಿ ಏನ್ ಮಾಡ್ಲಿ? ಯಾರ ಮಾತು ಕೇಳ್ತಾರೆ ಇವರು? ಪಾಚಿ ಇದೆ ಹೋಗ್ಬೇಡಿ ಅಂದ್ರೆ ಅಲ್ಲಿಗೇ ಹೋಗ್ತಾರೆ. ಜ್ವರ ಬಂದಿದ್ರೂ ನನ್ನ ಬಸ್ ಹತ್ತಿಸೋಕೆ ಬರ್ತಿದ್ರು, ಬರ್ಬೇಡಿ ಅಂತ ಕೈ ಮುಗಿದ್ರೂ ಕೇಳ್ತಿರ್ಲಿಲ್ಲ. ನಾನು ಮಲಗಿರ್ಲಿ ಅಂತ ಸದ್ದಾಗದ ಹಾಗೆ ಪಾತ್ರೆ ತೊಳೀತಾರೆ. ಯಾರು ಕೇಳಿದ್ರು ಇವರನ್ನ? ಒಂದು ಥ್ಯಾಂಕ್ಸ್ ಹೇಳೋಕೂ ಬಿಡಲ್ಲ. ಇಂಥ ಮೊಂಡು ಹೆಂಗಸನ್ನ ನಾನೆಲ್ಲೂ ನೋಡಿಲ್ಲ!’

ಸಿಟ್ಟಿಗೆ ನನಗೆ ಅಳು ಬಂದುಬಿಟ್ಟಿತ್ತು. ‘ಅಯ್ಯಯ್ಯೋ, ಏನ್ ಬಾಯಮ್ಮ ಇದು!’ ಎಂದು ಆ ಹೆಂಗಸು ಬಂದ ದಾರಿಯಲ್ಲೇ ವಾಪಸ್ ಹೋಯಿತು. ಅತ್ತೆ ಮಾತ್ರ ನೆಟ್ಟಗೆ ಕೂತು, ಎಷ್ಟೋ ದಿನದ ಮೇಲೆ ನನ್ನ ಮುಖ ನೋಡಿದರು.

‘ಲೇ, ನನ್ ಸೀರೆ ಗಂಟು ಎಲ್ಲಿಟ್ಟೆ? ಬಸ್ಸಿಗೆ ಹೊತ್ತಾಯ್ತು’ ಎಂದು ಮಗಳನ್ನು ಕೂಗಿದರು.

ನಾದಿನಿ ಬಾಯಿ ಬಿಟ್ಟುಕೊಂಡು ನಿಂತಳು. ‘ಅಷ್ಟು ಬೈದ್ರಲ್ಲಮ್ಮ ಅತ್ತಿಗೆ!’

‘ಬೈದ್ರೆ ಏನಾಯ್ತು? ಬೈಗುಳಕ್ಕೆ ಕಣ್ ಬೀಳ್ತದಾ?’

ಕೊರಟಗೆರೆಯಲ್ಲಿ ಮಧುಗಿರಿ ಬಸ್ಸು ಹತ್ತಿ ಕೂತ ಮೇಲೆ, ಪಕ್ಕದಲ್ಲಿದ್ದ ಅಪರಿಚಿತ ಹೆಂಗಸಿಗೆ ‘ನಮ್ ಸೊಸೆ. ಬಾಯಿ ಜೋರು, ಅಡುಗೆ ಬರಲ್ಲ’ ಎಂದು ನನ್ನನ್ನು ಪರಿಚಯ ಮಾಡಿಸಿದರು. ನಾನು ಕಿಟಕಿಯ ಆಚೆ ನೋಡುತ್ತ ಹಲ್ಲು ಕಚ್ಚಿಕೊಂಡೆ. ಆ ಹೆಂಗಸು ಇಳಿದು ಹೋದ ಮೇಲೆ ಅತ್ತೆ ಎಡಗೈಯಿಂದ ನನ್ನ ಮೊಣಕೈ ತಿವಿದರು.

‘ಅವತ್ತು ಮೈಕಲ್ಲಿ, ಮಗು ಹೊತ್ಕೊಂಡು ಬರ್ತಿದ್ರು ಅಂದೆ.’

‘ಹೂಂ ಅತ್ತೆ.’

‘ಮಗು ಒಂದೇನಾ? ನಿನ್ ಬುಕ್ಕಿನ ಬ್ಯಾಗ್ ಯಾರು ಹೊರ್ತಿದ್ರು? ಅದೂ ನಾನೇ ಕಣೇ, ಈ ಹೆಗಲ ಮ್ಯಾಲೆ. ಅದನ್ಯಾಕೆ ಬಿಟ್ಬುಟ್ಟೆ?’

ಅದು ನನಗೆ ಮರೆತೇ ಹೋಗಿತ್ತು.