ಜವಳಿ ಅಂಗಡಿಯಲ್ಲಿ ಅತ್ತೆಯ ನಗು

ಎರಡು ಸಾವಿರದ ದಶಕದ ಕೊನೆಯ ಹೊತ್ತಿಗೆ ಹಾಸನ, ಹೊಳೆನರಸೀಪುರ, ಚನ್ನರಾಯಪಟ್ಟಣದ ಅಂಗಡಿಗಳಿಗೆ ಸಿಸಿ ಕ್ಯಾಮೆರಾ ಬರತೊಡಗಿದ್ದವು. ಕಳ್ಳರ ಮೇಲೆ ಕಣ್ಣಿಡಲು ಬಂದ ಯಂತ್ರ ಕದಿಯದವರನ್ನೂ ಬದಲಿಸುತ್ತದೆಯೇ ಎಂಬುದು ನನ್ನ ಸಾಕ್ಷ್ಯಚಿತ್ರದ ಪ್ರಶ್ನೆ. ಚನ್ನರಾಯಪಟ್ಟಣದ ಒಂದು ಜವಳಿ ಅಂಗಡಿಯನ್ನು ಆರಿಸಿಕೊಂಡದ್ದು ಸೋದರತ್ತೆಯ ಕಾರಣಕ್ಕೆ.

ದಂಡಿಗನಹಳ್ಳಿಯಿಂದ ಅತ್ತೆ ಹಬ್ಬ, ಮದುವೆಗೆಲ್ಲ ಬರುತ್ತಿದ್ದುದು ಆ ಅಂಗಡಿಗೇ. ಚಿಕ್ಕವನಿದ್ದಾಗ ನಾನೂ ಜೊತೆಗಿರುತ್ತಿದ್ದೆ. ಬಿಳಿ ಬಟ್ಟೆ ಹಾಸಿದ ಮೆತ್ತೆಯ ಮೇಲೆ ಕೂತು ಸೀರೆಗಳ ಮಡಿಕೆ ಬಿಚ್ಚಿಸುವಳು. ಅಲ್ಲಿನ ಸೇಲ್ಸ್‌ಮನ್ ಸೆರಗನ್ನು ತನ್ನ ಹೆಗಲ ಮೇಲೇ ಹೊದ್ದು, ನೆರಿಗೆ ಹಿಡಿದು ತೋರಿಸುವನು.

"ನಿನ್ನೆಂಡ್ರಿಗಿಂತ ನಿಂಗೇ ಒಪ್ತದೆ ಕಣ್ಲಾ," ಎನ್ನುವಳು ಅತ್ತೆ.

"ಅಂಗಾದ್ರೆ ನಾನೇ ಉಟ್ಕಂಡೋಯ್ತೀನಿ, ಕಾಸು ನೀವು ಕೊಡಿ ಅಕ್ಕಾ."

ಅತ್ತೆ ಬಾಯಿಗೆ ಸೆರಗು ಅಡ್ಡ ಹಿಡಿಯದೆ ನಕ್ಕದ್ದನ್ನು ನಾನು ನೋಡಿದ್ದು ಅಲ್ಲಿ ಮಾತ್ರ. ಚಿತ್ರಕ್ಕೆ ನನಗೆ ಬೇಕಿದ್ದುದು ಆ ನಗು. ಚಿತ್ರಕ್ಕಷ್ಟೇ ಅಲ್ಲ.

ನಾನು ಕ್ಯಾಮೆರಾ ಹಿಡಿದು ಜೊತೆಗೆ ಹೋದ ದಿನ ಅದೇ ಸೇಲ್ಸ್‌ಮನ್ ಸೀರೆಯನ್ನು ಹೆಗಲಿಗೆ ಏರಿಸಲಿಲ್ಲ. ಮಡಿಕೆ ಬಿಚ್ಚಿ ಮುಂದಿಟ್ಟ.

"ಯಾಕ್ಲಾ, ಮೈ ಉಸಾರಿಲ್ವಾ?" ಎಂದಳು ಅತ್ತೆ.

ಅವನು ಕಣ್ಣಲ್ಲೇ ಚಾವಣಿ ತೋರಿಸಿದ. "ಕ್ಯಾಮ್ರಾ ಅಕ್ಕಾ. ಉಗಾದಿಗೆ ಮುಂಚೆ ಆಕ್ಸಿದ್ರು."

"ಉಗಾದಿಗೆ ನಾ ಬಂದಿದ್ನಲ್ಲೋ!"

"ಅದುನ್ನೇ ನೋಡ್ಬುಟ್ಟು ಮಾಲೀಕ್ರು ಕರ್ದು ಕೇಳುದ್ರು, ಏನಪ್ಪಾ ನಿನ್ ನಾಟ್ಕ ಅಂತ."

ಅತ್ತೆ ಒಮ್ಮೆ ಮೇಲೆ ನೋಡಿದಳು, ಒಮ್ಮೆ ನನ್ನ ಕೈಯಲ್ಲಿದ್ದುದನ್ನು ನೋಡಿದಳು. ಸೆರಗು ಸರಿಪಡಿಸಿಕೊಂಡು ಮೊದಲ ಸೀರೆಯನ್ನೇ ಕಟ್ಟಿಕೊಡಲು ಹೇಳಿದಳು.

ಅಂದರೆ ನಾನು ಹುಡುಕುತ್ತಿದ್ದ ಅತ್ತೆ ಯುಗಾದಿಗೆ ಸೀರೆ ಕೊಂಡ ದಿನ ಆ ಯಂತ್ರದೊಳಗೆ ದಾಖಲಾಗಿದ್ದಳು. ಆ ದಿನದ ರೆಕಾರ್ಡಿಂಗ್ ಇದೆಯೇ ಎಂದು ಮಾಲೀಕರನ್ನು ಕೇಳಿದೆ.

"ಅದೆಲ್ಲಿರ್ತದೆ ಸಾ? ತುಂಬುದ್ಮೇಲೆ ಹಳೇದ್ರ ಮೇಲೇ ಹೊಸದು ರೆಕಾರ್ಡ್ ಆಯ್ತದೆ. ಕಳ್ತನ ಆದ್ರೆ ಮಾತ್ರ ತೆಗ್ದಿಡ್ತೀವಿ."

ಅತ್ತೆ ಬಂದಿದ್ದ ಆ ದಿನ ಯಾರೂ ಏನೂ ಕದ್ದಿರಲಿಲ್ಲ.

ವಾಪಸು ಬರುವಾಗ ಬಸ್ಸಿನಲ್ಲಿ ಕೇಳಿದೆ, ಯುಗಾದಿಯಲ್ಲಿ ಏನೆಂದು ಚುಡಾಯಿಸಿದ್ದೆ ಅತ್ತೆ ಎಂದು.

"ನೆಪ್ಪಿಲ್ಲ ಕಣಪ್ಪಾ. ಬಾಯಿಗ್ಬಂದಿದ್ದು ಅಂದಿರ್ತೀನಿ." ನನ್ನ ಮುಖ ನೋಡಿ ಮೆತ್ತಗಾದಳು. "ಅದ್ಯಾಕಂಗ್ ಸಪ್ಗಿದ್ದೀಯ? ಇನ್ನೊಂದ್ಸಲ ಓಗನ ಬಿಡು. ನಿನ್ ಕ್ಯಾಮ್ರಾ ಮನೇಲಿಟ್ಟು ಬಾ."

"ಮೇಲಿರೋದು?"

ಅತ್ತೆ ಸೀರೆಯ ಕವರನ್ನು ತೊಡೆಯ ಮೇಲೆ ಸರಿಯಾಗಿ ಇಟ್ಟುಕೊಂಡು ಕಿಟಕಿಯ ಕಡೆ ತಿರುಗಿದಳು.