ಟೆಂಡರ್ ದಿನ ಮುಖ ನೋಡದ ಸಾಹೇಬರು

ಟೆಂಡರ್ ತೆರೆಯುವ ದಿನ ಹಾದಿಮನಿ ಸಾಹೇಬರು ಯಾರ ಮುಖವನ್ನೂ ನೋಡುತ್ತಿರಲಿಲ್ಲ. ಕುರ್ಚಿಯನ್ನು ಕಿಟಕಿಯ ಕಡೆ ತಿರುಗಿಸಿ, ಗುತ್ತಿಗೆದಾರರಿಗೆ ಬೆನ್ನು ಕೊಟ್ಟು ಕೂಡುತ್ತಿದ್ದರು. ಮೂರು ಗಂಟೆಗೆ ಟೆಂಡರ್ ಲಕೋಟೆಗಳ ಪೆಟ್ಟಿಗೆಯ ಬಾಯಿಗೆ ಅರಗು ಹಚ್ಚುವ ತನಕ ಒಂದು ಗುಟುಕು ಚಹಾ ಕೂಡ ಕುಡಿಯುತ್ತಿರಲಿಲ್ಲ. ಯಾಕೆಂದು ನಾನು ಕೇಳಿದ್ದಕ್ಕೆ, "ಮಾರಿ ನೋಡಿದ್ರ ಮನಸು ಮೆತ್ತಗಾಗ್ತದ ತಂಗಿ. ಈ ಖುರ್ಚಿ ಮ್ಯಾಲೆ ಅದು ನಡಿಯೂದಿಲ್ಲ" ಎಂದಿದ್ದರು.

ಎಂಬತ್ತರ ದಶಕದ ಆರಂಭದ ಮಾತು. ಹುನಗುಂದದಲ್ಲಿ ರಸ್ತೆ, ಶಾಲೆ ಕಟ್ಟಿಸುವ ಸರ್ಕಾರಿ ಕಚೇರಿಯೊಂದರಲ್ಲಿ ಅವರು ಇಂಜಿನಿಯರು, ನಾನು ಟೈಪಿಸ್ಟು. ನಾನು ಹುಟ್ಟಾ ಪುಕ್ಕಲಿ. ಮೇಜಿನ ಮೇಲೆ ಯಾರಾದರೂ ಕೈ ಬಡಿದರೆ ಎದೆ ಹಾರುತ್ತಿತ್ತು. ಅಂಥವಳಿಗೆ ಸಾಹೇಬರ ಕಟ್ಟುನಿಟ್ಟೇ ಧೈರ್ಯ. ಒಮ್ಮೆ ಅವರ ಷಡ್ಡಕನೇ ವೇಳೆ ಮೀರಿ ಲಕೋಟೆ ತಂದಾಗ, "ಮನಿಗೆ ಹೋಗಿ ಉಂಡು ಹೋಗು. ಇಲ್ಲಿ ಮಾತ್ರ ಏನೂ ಸಿಗೂದಿಲ್ಲ" ಎಂದು ಬಾಗಿಲಿನಿಂದಲೇ ಕಳಿಸಿದ್ದರು. ಅವರ ಮನೆಯವರು ಎಷ್ಟೋ ದಿನ ಮಾತು ಬಿಟ್ಟಿದ್ದರಂತೆ.

ಇಂಥವರೇ ಒಂದು ದಿನ ಹಿಂತಿರುಗಿ ನೋಡಿದರು.

ಹಳ್ಳಿಯೊಂದರ ಶಾಲೆಗೆ ಕೋಣೆ ಕಟ್ಟುವ ಟೆಂಡರು. ಮೂರು ಹೊಡೆದಿತ್ತು, ಅರಗು ಇನ್ನೂ ಬಿಸಿ. ಆಗ ರಾಚಪ್ಪ ಎಂಬ ಗುತ್ತಿಗೆದಾರ ಏದುಸಿರು ಬಿಡುತ್ತ ಒಳಗೆ ಬಂದ.

"ಸಾಹೇಬ್ರ, ಅಮೀನಗಡದಾಗ ಬಸ್ಸು ಕೆಟ್ಟು ನಿಂತಿತ್ರಿ. ಲಾರಿ ಹತ್ತಿ ಬಂದೀನ್ರಿ!"

ಲಾರಿಯಿಂದ ಇಳಿಯುವ ಅವಸರದಲ್ಲಿ ಬಿದ್ದು ಮೊಣಕಾಲು ಒಡೆದುಕೊಂಡಿದ್ದ. ರಕ್ತ ಧೋತರಕ್ಕೆ ಹತ್ತಿತ್ತು. ಸಾಹೇಬರು ಆ ಕಾಲು ನೋಡಿದರು, ಆಮೇಲೆ ಮುಖ ನೋಡಿದರು. ಕೂತಿದ್ದ ಉಳಿದ ಗುತ್ತಿಗೆದಾರರನ್ನು ಕೇಳಿದರು: "ಬಸ್ಸು ಕೆಟ್ಟದ್ದು ಇಂವನ ತಪ್ಪಲ್ಲ. ನಿಮ್ಮೆಲ್ಲಾರ ಒಪ್ಪಿಗಿ ಇದ್ರ ತಗೋತೇನಿ. ಏನಂತೀರಿ?"

ನಮ್ಮ ಕಡೆ ಹಾಗೆ ಎದುರಿಗೇ ಕೇಳಿದರೆ ಬೇಡ ಎನ್ನುವವರು ಸಿಗುವುದಿಲ್ಲ. "ಆಗಲ್ರಿ" ಎಂದು ಎಲ್ಲರೂ ಗೋಣು ಹಾಕಿದರು. ಊರ ಕಟ್ಟೆಯ ಮೇಲೆ ನ್ಯಾಯ ಬಗೆಹರಿಸುವುದೂ ಹೀಗೆಯೇ. ಕೂತವರು ಒಪ್ಪಿದರೆ ಊರು ಒಪ್ಪಿದಂತೆ. ಅರಗು ಒಡೆಸಿ ಲಕೋಟೆ ಹಾಕಿಸಿಕೊಂಡರು. ನನ್ನಿಂದ ಸಾಕ್ಷಿಯ ಸಹಿ ತೆಗೆದುಕೊಂಡರು. ತೆರೆದು ನೋಡಿದರೆ ರಾಚಪ್ಪನ ದರವೇ ಎಲ್ಲರಿಗಿಂತ ಕಡಿಮೆ. ಕೆಲಸ ಅವನಿಗೇ ಹೋಯಿತು.

ಪಾಯ ತೋಡುವ ಹೊತ್ತಿಗೆ ಬೆಂಗಳೂರಿನ ಹೈಕೋರ್ಟಿನಿಂದ ತಡೆಯಾಜ್ಞೆ ಬಂತು. ರಿಟ್ ಅರ್ಜಿ ಹಾಕಿದವನು ಗುಳೇದಗುಡ್ಡದ ಗುತ್ತಿಗೆದಾರ ಈರಪ್ಪ. ಅವನೂ ಅದೇ ಬಸ್ಸಿನಲ್ಲಿದ್ದನಂತೆ, ಅವನ ಕೈಯಲ್ಲೂ ಲಕೋಟೆ ಇತ್ತಂತೆ. ಇನ್ನು ವೇಳೆಗೆ ಮುಟ್ಟುವುದಿಲ್ಲವೆಂದು ಅಮೀನಗಡದಿಂದಲೇ ಮನೆಗೆ ತಿರುಗಿದ್ದ. ಕೂತವರನ್ನೆಲ್ಲ ಕೇಳಿದ್ದ ನಮಗೆ, ಬಾರದೇ ಹೋದವನೊಬ್ಬ ಇದ್ದಾನೆಂದು ಹೊಳೆದೇ ಇರಲಿಲ್ಲ.

"ಹಾದಿಮನಿ ಸಾಹೇಬ್ರೂ ತಿಂದಾರಂತ" ಎಂದು ಚಹಾದಂಗಡಿಯಲ್ಲಿ ಮಾತು ಶುರುವಾಯಿತು. ನಿವೃತ್ತಿ ಹತ್ತಿರವಿತ್ತು. ಪಕ್ಷಪಾತ ಎಂಬ ಒಂದು ಶಬ್ದ ತೀರ್ಪಿನಲ್ಲಿ ಬಿದ್ದರೆ ವಿಚಾರಣೆ, ಪಿಂಚಣಿಗೆ ಕುತ್ತು. ಅದಕ್ಕಿಂತ ಹೆಚ್ಚಾಗಿ, ಜನ್ಮವಿಡೀ ಕಾಯ್ದುಕೊಂಡ ಹೆಸರು ಮಣ್ಣುಪಾಲು. ಅವರು ಊಟ ಬಿಟ್ಟು ಸೊರಗಿದರು. ಅಂಚೆಯವನ ಸೈಕಲ್ಲು ಕಾಣುವ ಮೊದಲೇ "ಟಪಾಲು ಬಂತೇನು ತಂಗಿ?" ಎನ್ನುತ್ತಿದ್ದರು. ಬಂದರೆ ಒಡೆಯಲು ನನಗೇ ಕೊಡುತ್ತಿದ್ದರು. ನನಗೂ ಭಯ. ಸಾಕ್ಷಿ ಸಹಿ ನನ್ನದಲ್ಲವೇ? ನನ್ನನ್ನೂ ಕೋರ್ಟಿಗೆ ಎಳೆಯುತ್ತಾರೆ, ನೌಕರಿ ಹೋಗುತ್ತದೆ ಎಂದು ಹೊತ್ತು ಮುಳುಗಿದರೆ ಸಾಕು ಅದನ್ನೇ ಎಣಿಸುತ್ತ ಕೂಡುತ್ತಿದ್ದೆ.

ಕೊನೆಗೂ ತೀರ್ಪು ಬಂತು. ಕೆಲಸ ಯಾರಿಗೆ ಕೊಡಬೇಕೆಂದು ಹೇಳುವುದು ಕೋರ್ಟಿನ ಕೆಲಸವಲ್ಲ, ಕೊಟ್ಟ ರೀತಿಯನ್ನಷ್ಟೇ ನೋಡುತ್ತೇವೆ ಎಂದು ನ್ಯಾಯಾಧೀಶರು ಹೇಳಿದ್ದರು. ಅಧಿಕಾರಿಯ ಪ್ರಾಮಾಣಿಕತೆಯ ಬಗ್ಗೆ ಅನುಮಾನವಿಲ್ಲ. ಆದರೆ ಒಬ್ಬನಿಗಾಗಿ ವೇಳೆ ಸಡಿಲಿಸಿದ್ದರಿಂದ, ಗೊತ್ತುಮಾಡಿದ ವೇಳೆಯನ್ನೇ ನಂಬಿ ನಡೆದ ಇನ್ನೊಬ್ಬನಿಗೆ ಅನ್ಯಾಯವಾಗಿದೆ. ಟೆಂಡರ್ ರದ್ದು, ಹೊಸದಾಗಿ ಕರೆಯಬೇಕು.

ಸಾಹೇಬರ ಹೆಸರು ಉಳಿಯಿತೆಂದು ನಾನು ಅತ್ತೇಬಿಟ್ಟೆ. ಕಚೇರಿಯವರು ಸಿಹಿ ಹಂಚಲು ಕರದಂಟು ತರಿಸಿದರು. ಸಾಹೇಬರು ತಮ್ಮ ತುಂಡನ್ನು ಮುಟ್ಟಲಿಲ್ಲ.

"ನಿನ್ನ ತವರೂರು ಗುಳೇದಗುಡ್ಡ ಅಲ್ಲೇನವಾ? ಈರಪ್ಪನ ಮನಿ ತೋರಸ್ತೀಯೇನು?"

ಆ ಶನಿವಾರ ಕರೆದುಕೊಂಡು ಹೋದೆ. ಜಗಳವಾದೀತೆಂದು ದಾರಿಯುದ್ದಕ್ಕೂ ನನಗೆ ಪುಕುಪುಕು. ಈರಪ್ಪನ ಹೆಂಡತಿ ಕಾಲು ಇಳಿಬಿಟ್ಟು ನೇಯುವ ಮಗ್ಗದ ಕುಣಿಯಿಂದ ಎದ್ದು ಬಂದು ನೀರು ಕೊಟ್ಟಳು. ಈರಪ್ಪ ಚಾಪೆ ಹಾಸಿದ. ಸಾಹೇಬರು ಕೂಡಲಿಲ್ಲ.

"ರಾಚಪ್ಪ ಲಾರಿ ಹತ್ತಿ ಬಂದ್ನಲ್ಲಪಾ. ನೀನೂ ಬರಬಹುದಿತ್ತು. ಯಾಕ ಬರಲಿಲ್ಲ?"

ಈರಪ್ಪನ ದನಿಯಲ್ಲಿ ಸಿಟ್ಟಿರಲಿಲ್ಲ. "ರಾಚಪ್ಪ ಬಾ ಅಂತ ಭಾಳ ಕರದ್ನ್ರಿ. ನಾನ ಒಲ್ಲೆ ಅಂದೆ. ಬ್ಯಾರೆ ಸಾಹೇಬ್ರು ಇದ್ದಿದ್ರ ಬರ್ತಿದ್ದೆ. ಹಾದಿಮನಿ ಸಾಹೇಬ್ರು ಅದಾರ, ತಡಾ ಆದದ್ದು ತಗೊಳ್ಳಂಗಿಲ್ಲ ಅಂತ ನಿಮ್ಮನ್ನ ನಂಬಿ ಹೊಳ್ಳಿ ಬಂದೀನ್ರಿ."

ಸಾಹೇಬರು ಕೈ ಮುಗಿದು ಹೊರಟರು. ಬಸ್ ನಿಲ್ದಾಣದ ತನಕ ನನಗಿಂತ ಮುಂದೆ ಮುಂದೆ ನಡೆದರು. ಹುನಗುಂದದ ಬಸ್ಸು ಹತ್ತುವಾಗ ಮಾತ್ರ, "ಅಂವ ಬೈದಿದ್ರ ಚೊಲೊ ಇತ್ತವಾ" ಎಂದರು. ಸೋಮವಾರ ಕಚೇರಿಗೆ ಅವರ ರಜೆ ಅರ್ಜಿ ಬಂತು. ನಿವೃತ್ತಿಯಾಗುವ ತನಕ ಅವರು ತಿರುಗಿ ಬರಲಿಲ್ಲ, ನಾನೂ ಮತ್ತೆ ಅವರನ್ನು ನೋಡಲಿಲ್ಲ.